ಕಾಣದ ಮುಖ, ಕೇಳಿದ ಕಂಠ

1933ರ ‘ದಿ ಇನ್‌ವಿಸಿಬಲ್ ಮ್ಯಾನ್’ ಚಿತ್ರದಲ್ಲಿ ನಾಯಕನ ಮುಖ ನಮಗೆ ಕಾಣುವುದು ಕಟ್ಟಕಡೆಗೆ, ಅದೂ ಅವನ ಪ್ರಾಣ ಹೋದ ಮೇಲೆ. ಅಲ್ಲಿಯವರೆಗೆ ಚಿತ್ರವನ್ನು ಹೊತ್ತು ನಡೆಸುವುದು ಕ್ಲಾಡ್ ರೇನ್ಸನ ಕಂಠ.

ಅದು ಹುಟ್ಟಿನಿಂದ ಬಂದ ವರವಲ್ಲ. 1889ರಲ್ಲಿ ಲಂಡನ್ನಿನ ಬಡ ಕುಟುಂಬದಲ್ಲಿ ಜನಿಸಿದ ಆ ಹುಡುಗನಿಗೆ ಮಾತು ತೊದಲುತ್ತಿತ್ತು. ಉಚ್ಚಾರವೋ ಬೀದಿಯ ಅಪ್ಪಟ ಕಾಕ್ನಿ. ರಂಗಮಂದಿರದಲ್ಲಿ ಚಿಲ್ಲರೆ ಕೆಲಸಕ್ಕಿದ್ದ ಅವನ ಮಾತನ್ನು ತಿದ್ದಿಸಿದವನು ಖ್ಯಾತ ನಟ ಹರ್ಬರ್ಟ್ ಬೀರ್ಬೋಮ್ ಟ್ರೀ. ಮೊದಲನೆಯ ಮಹಾಯುದ್ಧದ ವಿಷಾನಿಲ ಒಂದು ಕಣ್ಣನ್ನು ಬಹುಮಟ್ಟಿಗೆ ಕಸಿದುಕೊಂಡಿತು. ಮುಂದೆ ಅವನೇ ಲಂಡನ್ನಿನ ನಾಟಕದ ರಾಯಲ್ ಅಕಾಡೆಮಿಯಲ್ಲಿ ಗುರುವಾದ. ಅಲ್ಲಿ ಅವನ ಶಿಷ್ಯರಲ್ಲೊಬ್ಬ ಜಾನ್ ಗೀಲ್‌ಗುಡ್. ತೊದಲುತ್ತಿದ್ದವನಿಂದ ಇಂಗ್ಲಿಷ್ ರಂಗಭೂಮಿ ಮಾತು ಕಲಿಯಿತೆನ್ನಿ!

‘ಕ್ಯಾಸಬ್ಲಾಂಕ’ದ (1942) ಲಂಚಕೋರ ಪೊಲೀಸ್ ಅಧಿಕಾರಿಯನ್ನು ದ್ವೇಷಿಸಲು ಹೋದರೂ ಆ ನಯವಾದ ಮಾತು ಬಿಡುವುದಿಲ್ಲ. ರೇನ್ಸ್ ತೀರಿಕೊಂಡದ್ದು 1967ರಲ್ಲಿ. ನಾಲ್ಕು ಸಲ ಆಸ್ಕರ್ ಪಟ್ಟಿಗೆ ಅವನ ಹೆಸರು ಸೇರಿತ್ತು. ಪ್ರಶಸ್ತಿ ಮಾತ್ರ ಒಮ್ಮೆಯೂ ಬರಲಿಲ್ಲ.