ದ್ವೀಪದ ಆಟಗಾರ: ಮಿಕ್ ಓ'ಕಾನೆಲ್ ಮತ್ತು ಕೆರ್ರಿಯ ಫುಟ್‌ಬಾಲು

ಐರ್ಲೆಂಡಿನ ನೈಋತ್ಯ ಅಂಚಿನಲ್ಲಿ, ಕೆರ್ರಿ ಕೌಂಟಿಗೆ ಸೇರಿದ ವ್ಯಾಲೆನ್ಷಿಯಾ ದ್ವೀಪದ ಹೆಸರು ಹೊರಜಗತ್ತಿನ ಕಿವಿಗೆ ಬಿದ್ದದ್ದು ಮುಖ್ಯವಾಗಿ ಟೆಲಿಗ್ರಾಫಿನ ದೆಸೆಯಿಂದ. ಅಟ್ಲಾಂಟಿಕ್ ಸಾಗರದ ತಳದಲ್ಲಿ ಹಾಸಿದ ತಂತಿಯ ಐರೋಪ್ಯ ತುದಿ ಇಲ್ಲಿತ್ತು. 1858ರ ಮೊದಲ ತಂತಿ ಕೆಲವೇ ವಾರಗಳಲ್ಲಿ ಕೆಟ್ಟುಹೋಯಿತಾದರೂ 1866ರದು ನೆಲೆನಿಂತು, ಮೀನುಗಾರಿಕೆ ಬೇಸಾಯಗಳನ್ನೇ ನಂಬಿದ್ದ ದ್ವೀಪದವರಿಗೆ ಸುಮಾರು ಒಂದು ಶತಮಾನ ಕಾಲ ತಿಂಗಳ ಸಂಬಳದ ನೌಕರಿಯ ದಾರಿಯನ್ನೂ ತೆರೆಯಿತು. 1937ರಲ್ಲಿ ಹುಟ್ಟಿದ ಮಿಕ್ ಓ'ಕಾನೆಲ್ ಆ ತಂತಿ ಕೇಂದ್ರದ ನೌಕರರಲ್ಲೊಬ್ಬರು. ಗೇಲಿಕ್ ಫುಟ್‌ಬಾಲಿನಲ್ಲಿ ಮಾಡಿದ ಹೆಸರಿಗಾಗಿ ಅವರಿಗೆ ಸಂಬಳವೇನೂ ಬರುತ್ತಿರಲಿಲ್ಲ.

ಸಂಬಳವಿಲ್ಲದಿರುವುದು ಈ ಆಟದ ಮೂಲ ನಿಯಮ. 1884ರಲ್ಲಿ ಥರ್ಲ್ಸ್ ಪಟ್ಟಣದಲ್ಲಿ ಸ್ಥಾಪನೆಯಾದ ಗೇಲಿಕ್ ಅಥ್ಲೆಟಿಕ್ ಸಂಘವು ಐರಿಷ್ ಕ್ರೀಡೆಗಳನ್ನು ಹವ್ಯಾಸಿಗಳ ಕೈಯಲ್ಲೇ ಉಳಿಸಿಕೊಂಡು ಬಂದಿತು. ಒಂದು ತಂಡಕ್ಕೆ ಹದಿನೈದು ಜನ; ದುಂಡುಚೆಂಡನ್ನು ಕೈಯಲ್ಲಿ ಹಿಡಿಯಬಹುದು, ಒದೆಯಬಹುದು, ಮುಷ್ಟಿಯಿಂದ ಹೊಡೆಯಬಹುದು; ಓ'ಕಾನೆಲ್ ಆಡುತ್ತಿದ್ದ ಕಾಲದಲ್ಲಿ ಗೋಲಿನ ಅಡ್ಡಪಟ್ಟಿಯ ಕೆಳಗೆ ಹೊಕ್ಕರೆ ಮೂರು ಅಂಕ, ಮೇಲೆ ಹಾದರೆ ಒಂದು. ಮಧ್ಯಮೈದಾನದ ಆಟಗಾರನ ಕಸುಬೆಲ್ಲ ಇರುವುದು ಎತ್ತರದಿಂದ ಇಳಿಯುವ ಚೆಂಡನ್ನು ಗುಂಪಿನ ನಡುವೆ ನೆಗೆದು ಎರಡು ಕೈಯಲ್ಲಿ ಹಿಡಿಯುವುದರಲ್ಲಿ. ಕೆರ್ರಿಯಲ್ಲಿ 'ಹಿಡಿ, ಒದೆ' ಎಂಬುದೇ ಒಂದು ಸಂಪ್ರದಾಯವಾಗಿ ಬೆಳೆದಿತ್ತು, ಅದರ ಕಳಶಪ್ರಾಯರೆಂದರೆ ಓ'ಕಾನೆಲ್: ಚೆಂಡು ಬೀಳುವ ಜಾಗವನ್ನು ಮೊದಲೇ ಅಂದಾಜಿಸಿ, ಎದುರಾಳಿಯ ಭುಜದ ಆಸರೆಯಿಲ್ಲದೆ ನೇರವಾಗಿ ಮೇಲೆದ್ದು, ನೆಲ ಮುಟ್ಟುವ ಹೊತ್ತಿಗೆ ಒದೆತಕ್ಕೆ ಸಿದ್ಧರಾಗಿರುತ್ತಿದ್ದರು, ಎಡಗಾಲು ಬಲಗಾಲು ಎಂಬ ಭೇದ ಆ ಒದೆತಕ್ಕೆ ಇರಲಿಲ್ಲ.

ಇಷ್ಟನ್ನು ಸಾಧಿಸಿದ್ದು ಸೇತುವೆಯಿಲ್ಲದ ದ್ವೀಪದಿಂದ. ಕಿಲಾರ್ನಿಯಲ್ಲಿ ನಡೆಯುತ್ತಿದ್ದ ಕೆರ್ರಿ ತಂಡದ ಅಭ್ಯಾಸಕ್ಕೆ ಹೋಗಲು ದೋಣಿಯಲ್ಲಿ ರೆನಾರ್ಡ್ ದಡ ಮುಟ್ಟಿ, ಅಲ್ಲಿಂದ 50 ಕಿಲೋಮೀಟರಿಗೂ ಹೆಚ್ಚು ದಾರಿ ಸವೆಸಬೇಕಿತ್ತು, ರಾತ್ರಿ ಮರಳುವಾಗ ಮತ್ತೆ ಅದೇ ನೀರು. ಕೌಂಟಿ ಚಾಂಪಿಯನ್ನರಾದ ತಂಡವೇ ಮರುವರ್ಷದ ಕೆರ್ರಿ ನಾಯಕನನ್ನು ಸೂಚಿಸುವುದು ಅಲ್ಲಿನ ವಾಡಿಕೆಯಾದ್ದರಿಂದ, 1958ರಲ್ಲಿ ಗೆದ್ದ ದಕ್ಷಿಣ ಕೆರ್ರಿಯ ಪರವಾಗಿ ಆ ಪಟ್ಟ ಓ'ಕಾನೆಲ್ ಅವರಿಗೆ ಬಂದಿತು. 1959ರ ಅಖಿಲ ಐರ್ಲೆಂಡ್ ಫೈನಲ್‌ನಲ್ಲಿ ಕೆರ್ರಿ ಗಾಲ್ವೆಯನ್ನು ಸೋಲಿಸಿ ಸ್ಯಾಮ್ ಮಗ್ವಾಯರ್ ಕಪ್ ಗೆದ್ದಾಗ, ನಾಯಕ ಕಪ್ಪನ್ನು ಉಡುಪು ಬದಲಿಸುವ ಕೋಣೆಯಲ್ಲೇ ಬಿಟ್ಟು, ಅಂದೇ ರೈಲು ಹಿಡಿದು, ಕೊನೆಗೆ ಹುಟ್ಟು ಹಾಕುತ್ತ ಮನೆ ಸೇರಿದರೆಂಬ ಕಥೆ ಐರ್ಲೆಂಡಿನಲ್ಲಿ ಮನೆಮಾತು. ಹೇಳುವವರು ಇದರಲ್ಲಿ ಒಂದು ಬಗೆಯ ವೈರಾಗ್ಯವನ್ನು ಕಾಣುತ್ತಾರೆ. ಆ ಕಾಲದ ದ್ವೀಪದ ನೌಕರನೊಬ್ಬನ ದಿನಚರಿ ಬಲ್ಲವರಿಗೆ ಅದರಲ್ಲಿ ವೈರಾಗ್ಯಕ್ಕಿಂತ ರೂಢಿಯೇ ಹೆಚ್ಚಾಗಿ ಕಂಡೀತು: ಆಟ ಮುಗಿಯಿತು, ಇನ್ನು ಮನೆಗೆ ಹೊರಡಬೇಕು, ಮನೆ ನೀರಿನಾಚೆ ಇದೆ.

1962, 1969 ಮತ್ತು 1970ರಲ್ಲಿ ಇನ್ನೂ ಮೂರು ಅಖಿಲ ಐರ್ಲೆಂಡ್ ಪದಕಗಳು ಬಂದವು. ನಡುವಿನ ವರ್ಷಗಳು ಅಷ್ಟು ಸುಗಮವಾಗಿರಲಿಲ್ಲ. 1964, 1965ರ ಫೈನಲ್‌ಗಳಲ್ಲಿ ಗಾಲ್ವೆಯೂ 1960, 1968ರಲ್ಲಿ ಡೌನ್ ಕೌಂಟಿಯೂ ಕೆರ್ರಿಯನ್ನು ಮಣಿಸಿದವು. 1966ರಲ್ಲಿ ತಂತಿ ಕೇಂದ್ರವೂ ಮುಚ್ಚಿತು. 1984ರಲ್ಲಿ ಶತಮಾನದ ತಂಡವನ್ನೂ 1999ರಲ್ಲಿ ಸಹಸ್ರಮಾನದ ತಂಡವನ್ನೂ ಆರಿಸಿದವರು ಮಧ್ಯಮೈದಾನಕ್ಕೆ ಓ'ಕಾನೆಲ್ ಅವರ ಹೆಸರನ್ನೇ ಬರೆದರು. ಅದಕ್ಕೂ ಮೊದಲೇ, 1974ರಲ್ಲಿ, 'ಎ ಕೆರ್ರಿ ಫುಟ್‌ಬಾಲರ್' ಎಂಬ ಆತ್ಮಕಥೆ ಪ್ರಕಟವಾಗಿತ್ತು. ಇಷ್ಟು ಪದಕ ಗೆದ್ದವರ ಪುಸ್ತಕಕ್ಕೆ ಇಷ್ಟು ಸಾದಾ ಶೀರ್ಷಿಕೆ ಅಪರೂಪವೇ.

ವ್ಯಾಲೆನ್ಷಿಯಾವನ್ನು ಮುಖ್ಯಭೂಮಿಗೆ ಜೋಡಿಸುವ ಸೇತುವೆ ಸಿದ್ಧವಾಗಿ ತೆರೆದದ್ದು 1971ರಲ್ಲಿ. ಮರುವರ್ಷ ಆಫಲಿ ವಿರುದ್ಧದ ಫೈನಲ್ ಸಮವಾಗಿ, ಮರುಪಂದ್ಯದಲ್ಲಿ ಕೆರ್ರಿ ಸೋತಿತು. ದ್ವೀಪದಿಂದ ರಸ್ತೆಯಲ್ಲೇ ಹೊರಡುವ ಅನುಕೂಲ ಒದಗಿದಾಗ ಓ'ಕಾನೆಲ್ ಅವರಿಗೆ ಸುಮಾರು ಮೂವತ್ತನಾಲ್ಕಾಗಿತ್ತು.