ಮೀಟರಿನಿಂದ ಆಪಿಗೆ: ಟ್ಯಾಕ್ಸಿ ಬಾಡಿಗೆಯ ಕಥೆ

ಟ್ಯಾಕ್ಸಿ ಅನ್ನುವ ಹೆಸರು ಗಾಡಿಯಿಂದ ಬಂದದ್ದಲ್ಲ, ಮೀಟರಿನಿಂದ ಬಂದದ್ದು. ಬಾಡಿಗೆ ಅಳೆಯುವ ಯಂತ್ರಕ್ಕೆ ಟ್ಯಾಕ್ಸಿಮೀಟರ್ ಎಂದು ಹೆಸರಿತ್ತು. ಅದನ್ನು ಕೂಡಿಸಿದ ಗಾಡಿ ಟ್ಯಾಕ್ಸಿಕ್ಯಾಬ್ ಆಯಿತು, ಜನರ ಬಾಯಲ್ಲಿ ಸವೆದು ಬರೀ ಟ್ಯಾಕ್ಸಿ ಆಯಿತು. ಈಗ ಎಷ್ಟೋ ಊರುಗಳಲ್ಲಿ ಆಪ್ ಒತ್ತಿ ಕರೆಸುವ ಕಾರಿನಲ್ಲಿ ಆ ಮೀಟರೇ ಇಲ್ಲ. ನಮ್ಮ ದುಬೈಯಲ್ಲಿ ಮಾತ್ರ ಆಪಿನಲ್ಲಿ ಕರೆದ ಟ್ಯಾಕ್ಸಿಯಲ್ಲೂ ಅದು ಓಡುತ್ತಲೇ ಇದೆ. ಇದು ಸಣ್ಣ ವಿಷಯ ಅಂತ ಅನಿಸಬಹುದು, ಆದರೆ ಇದರ ಹಿಂದೆ ಸುಮಾರು ನಾಲ್ಕುನೂರು ವರ್ಷದ ಜಗಳವಿದೆ. ನಮ್ಮಲ್ಲಿ ಕೆಲವರು ಹಿಂದಿನ ಸೀಟಿನಲ್ಲಿ ಕೂರುವವರು, ಕೆಲವರು ಸ್ಟೀರಿಂಗ್ ಹಿಡಿಯುವವರು. ಇಬ್ಬರಿಗೂ ಸಂಬಂಧಪಟ್ಟ ಜಗಳ ಇದು.

ಲಂಡನ್ನಿನಿಂದ ಶುರು ಮಾಡೋಣ. 1634ರಲ್ಲಿ ಕ್ಯಾಪ್ಟನ್ ಬೈಲಿ ಎಂಬ ನಿವೃತ್ತ ನಾವಿಕ ಸ್ಟ್ರಾಂಡ್ ಬೀದಿಯಲ್ಲಿ ನಾಲ್ಕು ಕುದುರೆಗಾಡಿ ನಿಲ್ಲಿಸಿ, ಗಾಡಿಯವರಿಗೆ ಸಮವಸ್ತ್ರ ತೊಡಿಸಿ, ಎಲ್ಲಿಗೆ ಎಷ್ಟು ಬಾಡಿಗೆ ಎಂದು ನಿಗದಿ ಮಾಡಿಕೊಟ್ಟ. ಊರಿನ ಮೊದಲ ಟ್ಯಾಕ್ಸಿ ಸ್ಟ್ಯಾಂಡ್ ಅಂತ ಇದನ್ನೇ ಹೇಳುತ್ತಾರೆ. ಲಾಭ ಕಂಡ ಮೇಲೆ ಕೇಳಬೇಕೆ, ಎಲ್ಲರೂ ಗಾಡಿ ತಂದರು, ಬೀದಿ ಕಟ್ಟಿಹೋಯಿತು. ಮರುವರ್ಷವೇ ರಾಜ ಒಂದನೇ ಚಾರ್ಲ್ಸ್ ಬಾಡಿಗೆ ಗಾಡಿಗಳಿಗೆ ಕಡಿವಾಣ ಹಾಕುವ ಘೋಷಣೆ ಹೊರಡಿಸಿದ. 1654ರಲ್ಲಿ ಕ್ರಾಮ್‌ವೆಲ್ ಆಡಳಿತ ಒಂದು ಕಾಯ್ದೆ ಮಾಡಿ, ಬಾಡಿಗೆ ಗಾಡಿಯ ಯಜಮಾನರು 200 ಜನಕ್ಕಿಂತ ಹೆಚ್ಚಿರಬಾರದು ಎಂದಿತು. ಎಷ್ಟು ಗಾಡಿ ಇರಬೇಕು, ಬಾಡಿಗೆ ಎಷ್ಟಿರಬೇಕು: ಈ ಎರಡೇ ಪ್ರಶ್ನೆಗಳು ಅಲ್ಲಿಂದ ಇಲ್ಲಿಯವರೆಗೂ ಬೆನ್ನು ಬಿಟ್ಟಿಲ್ಲ.

ದರ ಕಟ್ಟಿದ ಮಾತ್ರಕ್ಕೆ ಜಗಳ ನಿಲ್ಲಲಿಲ್ಲ. ಮೈಲಿಗೆ ಇಷ್ಟು ಅಂತ ಸರಕಾರ ಹೇಳಿತು, ಸರಿ. ಆದರೆ ಬಂದದ್ದು ಎಷ್ಟು ಮೈಲಿ? ಗಾಡಿಯವನು ಮೂರು ಅನ್ನುತ್ತಿದ್ದ, ಕೂತವನು ಎರಡು ಅನ್ನುತ್ತಿದ್ದ. ಒಂದು ಜಾಗದಿಂದ ಇನ್ನೊಂದಕ್ಕೆ ಎಷ್ಟು ದೂರ, ಎಷ್ಟು ಬಾಡಿಗೆ ಎಂದು ಪಟ್ಟಿ ಮಾಡಿದ ಪುಸ್ತಕಗಳೇ ಅಚ್ಚಾಗಿ ಮಾರಾಟವಾಗುತ್ತಿದ್ದವು.

ಇದಕ್ಕೆ ಉತ್ತರ ಬಂದದ್ದು ಜರ್ಮನಿಯಿಂದ. 1891ರಲ್ಲಿ ಫ್ರೀಡ್ರಿಕ್ ಬ್ರೂನ್ ಎಂಬಾತ ಟ್ಯಾಕ್ಸಿಮೀಟರ್ ಕಂಡುಹಿಡಿದ. 1897ರಲ್ಲಿ ಸ್ಟುಟ್‌ಗಾರ್ಟ್ ನಗರದಲ್ಲಿ ಮೀಟರು ಕೂಡಿಸಿದ ಡೈಮ್ಲರ್ ಮೋಟಾರು ಗಾಡಿ ಬಾಡಿಗೆಗೆ ಓಡಿತು. ಈ ಮೀಟರಿನ ಒಳಗಿನ ಜಾಣತನ ಸ್ವಲ್ಪ ನೋಡಬೇಕು. ಅದರಲ್ಲಿ ಎರಡು ಓಟಗಳಿವೆ: ಒಂದು ಗಾಡಿಯ ಚಕ್ರದಿಂದ ಬರುವುದು, ಇನ್ನೊಂದು ಗಡಿಯಾರದ್ದು. ಯಾವುದು ಜೋರಾಗಿ ಓಡುತ್ತದೋ ಅದು ಬಾಡಿಗೆಯ ಅಂಕಿಯನ್ನು ಮುಂದಕ್ಕೆ ತಳ್ಳುತ್ತದೆ. ರಸ್ತೆ ಖಾಲಿ ಇದ್ದಾಗ ಚಕ್ರ ಗೆಲ್ಲುತ್ತದೆ, ನೀವು ದೂರಕ್ಕೆ ದುಡ್ಡು ಕೊಡುತ್ತೀರಿ. ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡರೆ ಗಡಿಯಾರ ಗೆಲ್ಲುತ್ತದೆ, ನೀವು ಹೊತ್ತಿಗೆ ದುಡ್ಡು ಕೊಡುತ್ತೀರಿ. ಶೇಖ್ ಜಾಯೆದ್ ರೋಡಿನಲ್ಲಿ ಸಂಜೆ ಆರಕ್ಕೆ ಕಾರು ನಿಂತೇ ಇದ್ದರೂ ಅಂಕಿ ಏರುತ್ತದಲ್ಲ, ಅದು ಈ ಹಳೇ ಗಡಿಯಾರದ ಕೆಲಸ.

1907ರಲ್ಲಿ ಲಂಡನ್ ಮೋಟಾರು ಕ್ಯಾಬುಗಳಿಗೆ ಮೀಟರು ಕಡ್ಡಾಯ ಮಾಡಿತು. ಅದೇ ವರ್ಷ ನ್ಯೂಯಾರ್ಕಿನಲ್ಲಿ ಹ್ಯಾರಿ ಅಲೆನ್ ಎಂಬ ವ್ಯಾಪಾರಿ, ಒಂದು ಮೈಲಿಯೂ ಇಲ್ಲದ ದೂರಕ್ಕೆ 5 ಡಾಲರು ಕಿತ್ತುಕೊಂಡರೆಂದು ಸಿಟ್ಟಾಗಿ, ಮೀಟರು ಹಾಕಿದ ಟ್ಯಾಕ್ಸಿಗಳ ಕಂಪನಿಯನ್ನೇ ತೆರೆದ ಎಂಬ ಕಥೆಯಿದೆ.

ನನಗೆ ಮೀಟರಿನಲ್ಲಿ ಮುಖ್ಯವಾಗಿ ಕಾಣುವುದು ಅದರ ಯಂತ್ರವಲ್ಲ, ಅದು ಕೂತಿರುವ ಜಾಗ. ಡ್ರೈವರಿಗೂ ಪ್ಯಾಸೆಂಜರಿಗೂ ಏಕಕಾಲಕ್ಕೆ ಕಾಣುವ ಒಂದೇ ಅಂಕಿ ಅದು. ಅಂಗಡಿಯ ತಕ್ಕಡಿ ಕೌಂಟರಿನ ಮೇಲೆ ಇರುವ ಹಾಗೆ. ಊರಲ್ಲಿ ಆಟೋ ಮೀಟರಿಗೆ ಸೀಲ್ ಹಾಕುವುದು ಪೊಲೀಸರಲ್ಲ, ಅಂಗಡಿಯ ತಕ್ಕಡಿಗೂ ತೂಕದ ಕಲ್ಲಿಗೂ ಮುದ್ರೆ ಒತ್ತುವ ಅದೇ ಮಾಪನ ಇಲಾಖೆ. ಬೆಂಗಳೂರಿನ ಆಟೋದವರು ಮಳೆ ಬಂದಾಗ ‘ಮೀಟರ್ ಮೇಲೆ ಒನ್ ಅಂಡ್ ಹಾಫ್’ ಅಂತ ಕೇಳುತ್ತಾರೆ ನಿಜ. ಆದರೂ ಅದರಲ್ಲಿ ಒಂದು ಮರ್ಯಾದೆಯಿತ್ತು: ಒಂದೂವರೆ ಯಾವುದರ ಮೇಲೆ ಅನ್ನುವುದು ಇಬ್ಬರಿಗೂ ಗೊತ್ತಿತ್ತು.

ಇನ್ನು ಗಾಡಿಗೂ ಗಿರಾಕಿಗೂ ಗಂಟು ಹಾಕುವ ವಿಚಾರ. ಬಹುಕಾಲ ಇದು ಕಣ್ಣಿನ ಕೆಲಸ, ಕೈ ಎತ್ತಿದರೆ ಗಾಡಿ ನಿಲ್ಲುತ್ತಿತ್ತು. ಎರಡನೇ ಮಹಾಯುದ್ಧದ ನಂತರ ವಯರ್‌ಲೆಸ್ ರೇಡಿಯೋ ಬಂತು, ಆಫೀಸಿನಲ್ಲಿ ಕೂತವನು ಕೂಗಿ ಹೇಳಿದರೆ ಹತ್ತಿರ ಇದ್ದವನು ಹೋಗುತ್ತಿದ್ದ. ಕೂತವನಿಗೆ ಬೇಕಾದವರಿಗೆ ಏರ್‌ಪೋರ್ಟ್ ಟ್ರಿಪ್, ಬೇಡಾದವರಿಗೆ ಗಲ್ಲಿ ಟ್ರಿಪ್. ಆ ಕಾಲವೇ ಚೆನ್ನಾಗಿತ್ತು ಅಂತ ನಾನು ಹೇಳಲಾರೆ.

2000ದ ಮೇ ತಿಂಗಳಲ್ಲಿ ಅಮೆರಿಕ ಸರಕಾರ, ಸಾರ್ವಜನಿಕರ ಜಿಪಿಎಸ್ ಸಂಕೇತಕ್ಕೆ ಬೇಕೆಂದೇ ಬೆರೆಸುತ್ತಿದ್ದ ತಪ್ಪನ್ನು ನಿಲ್ಲಿಸಿತು. 2008ರಲ್ಲಿ ಐಫೋನಿಗೆ ಆಪ್ ಸ್ಟೋರ್ ಬಂತು. 2010ರಲ್ಲಿ ಊಬರ್ ಸ್ಯಾನ್‌ಫ್ರಾನ್ಸಿಸ್ಕೊದಲ್ಲಿ ಕಪ್ಪು ಲಿಮೋಸಿನ್‌ಗಳಿಂದ ಶುರುವಾಯಿತು, 2012–13ರ ಹೊತ್ತಿಗೆ ಅಲ್ಲಿ ಲಿಫ್ಟ್, ಊಬರ್ ಎರಡರಲ್ಲೂ ಸಾಮಾನ್ಯ ಜನ ತಮ್ಮ ಸ್ವಂತ ಕಾರನ್ನೇ ಬಾಡಿಗೆಗೆ ಓಡಿಸುತ್ತಿದ್ದರು. ಇತ್ತ ದುಬೈಯಲ್ಲಿ 2012ರಲ್ಲಿ ಮುದಸ್ಸಿರ್ ಶೇಖಾ ಮತ್ತು ಮ್ಯಾಗ್ನಸ್ ಓಲ್ಸನ್ ಸೇರಿ ಕರೀಮ್ ಕಟ್ಟಿದರು. ಡ್ರೈವರನ್ನು ‘ಕ್ಯಾಪ್ಟನ್’ ಎಂದು ಕರೆದರು, ಕ್ಯಾಶ್ ತೆಗೆದುಕೊಂಡರು. ಮನೆ ನಂಬರು, ಬೀದಿ ಹೆಸರಿಗಿಂತ ‘ಮಸೀದಿ ಪಕ್ಕ, ಸೂಪರ್‌ಮಾರ್ಕೆಟ್ ಹಿಂದೆ’ ಅನ್ನುವುದೇ ವಿಳಾಸವಾಗಿದ್ದ ಗಲ್ಫ್ ಊರುಗಳಿಗೆ ಅದನ್ನು ಒಗ್ಗಿಸಿದರು. 2019ರಲ್ಲಿ ಊಬರ್ 310 ಕೋಟಿ ಡಾಲರಿಗೆ ಅದನ್ನು ಕೊಳ್ಳುವುದಾಗಿ ಪ್ರಕಟಿಸಿತು.

ಆಪ್ ಗಂಟು ಹಾಕುವ ರೀತಿ ಹೀಗೆ. ಡ್ರೈವರ್ ಫೋನು ಕೆಲವೇ ಸೆಕೆಂಡಿಗೊಮ್ಮೆ ತಾನಿರುವ ಜಾಗ ಹೇಳುತ್ತಿರುತ್ತದೆ. ಊಬರ್ ಇದಕ್ಕಾಗಿ ಭೂಮಿಯನ್ನೇ ಜೇನುಗೂಡಿನಂತೆ ಆರು ಮೂಲೆಯ ಮನೆಗಳಾಗಿ ಹಂಚಿಕೊಂಡಿದೆ. ನೀವು ಒತ್ತಿದಾಗ ಹತ್ತಿರದ ಮನೆಗಳಲ್ಲಿ ಖಾಲಿ ಇರುವ ಕಾರುಗಳನ್ನು ಹುಡುಕಿ, ಯಾವುದು ಎಷ್ಟು ನಿಮಿಷದಲ್ಲಿ ಬರಬಹುದು ಎಂದು ರಸ್ತೆಯ ಲೆಕ್ಕದಲ್ಲಿ ನೋಡುತ್ತದೆ. ಮೊದಮೊದಲು ಹತ್ತಿರದವನನ್ನೇ ಕಳಿಸುತ್ತಿದ್ದರು. ಅದರಲ್ಲೊಂದು ಎಡವಟ್ಟಿದೆ. ಹೀಗೆ ಊಹಿಸಿಕೊಳ್ಳಿ: ಕರಾಮಾದಲ್ಲಿ ರಮೇಶ್, ಸ್ವಲ್ಪ ಆಚೆ ಶಾರದಾ, ಇಬ್ಬರೂ ಒಟ್ಟಿಗೇ ಒತ್ತುತ್ತಾರೆ. ಮೊದಲ ಕಾರು ರಮೇಶನಿಗೆ 2 ನಿಮಿಷ, ಶಾರದಾಗೆ 3 ನಿಮಿಷ ದೂರ. ಎರಡನೇ ಕಾರು ರಮೇಶನಿಗೆ 4, ಶಾರದಾಗೆ 12. ಹತ್ತಿರದ್ದು ಹತ್ತಿರದವನಿಗೆ ಅಂದರೆ 2 ಮತ್ತು 12, ಒಟ್ಟು 14 ನಿಮಿಷ. ಅದಲುಬದಲು ಮಾಡಿದರೆ 3 ಮತ್ತು 4, ಒಟ್ಟು 7. ಅದಕ್ಕೇ ಈಗ ಆಪ್ ಕೆಲವು ಸೆಕೆಂಡು ತಡೆದು, ಬಂದ ಕರೆಗಳನ್ನೂ ಕಾರುಗಳನ್ನೂ ಗುಂಪಾಗಿ ನೋಡಿ ಒಟ್ಟು ಕಾಯುವಿಕೆ ಕಡಿಮೆಯಾಗುವಂತೆ ಜೋಡಿಸುತ್ತದೆ. ಪಕ್ಕದಲ್ಲೇ ನಿಂತ ಕಾರು ನಿಮಗೆ ಸಿಗದೆ ಆಚೆಯದ್ದು ಬರುವುದಕ್ಕೆ ಇದೂ ಒಂದು ಕಾರಣ. ಈ ಬಗೆಯ ಜೋಡಣೆಯ ಲೆಕ್ಕ ಹಳೆಯದು. 1955ರಲ್ಲಿ ಹ್ಯಾರಲ್ಡ್ ಕೂನ್ ಎಂಬ ಅಮೆರಿಕದ ಗಣಿತಜ್ಞ ಇದಕ್ಕೊಂದು ವಿಧಾನ ಬರೆದ, ಇಬ್ಬರು ಹಂಗೇರಿ ಗಣಿತಜ್ಞರ ಋಣ ನೆನೆದು ‘ಹಂಗೇರಿ ವಿಧಾನ’ ಎಂದು ಹೆಸರಿಟ್ಟ. ಅವನು ಯೋಚಿಸಿದ್ದು ಯಾವ ಕೆಲಸಕ್ಕೆ ಯಾವ ಆಳು ಎಂದು, ಟ್ಯಾಕ್ಸಿಯನ್ನಲ್ಲ.

ಜೋಡಣೆಯ ಮಟ್ಟಿಗೆ ಆಪ್ ಒಳ್ಳೆಯದೇ ಮಾಡಿದೆ ಅನ್ನಬೇಕು. ತೊಡಕು ಇರುವುದು ಬಾಡಿಗೆಯಲ್ಲಿ.

ಮೊದಲು ಆಪಿನ ಬಾಡಿಗೆಯೂ ಮೀಟರಿನ ತಮ್ಮನೇ ಆಗಿತ್ತು: ಹತ್ತಿದ್ದಕ್ಕೆ ಇಷ್ಟು, ಕಿಲೋಮೀಟರಿಗೆ ಇಷ್ಟು, ನಿಮಿಷಕ್ಕೆ ಇಷ್ಟು. ಅದರ ಮೇಲೆ ಸರ್ಜ್ ಬಂತು. ಕರೆ ಹೆಚ್ಚು, ಕಾರು ಕಡಿಮೆ ಇದ್ದ ಕಡೆ ದರವನ್ನು 1.5, 2, 3 ಪಟ್ಟು ಮಾಡುವುದು. ದರ ಕಂಡು ಕೆಲವರು ಕಾಯುತ್ತಾರೆ, ಕೆಲವು ಡ್ರೈವರುಗಳು ಆ ಕಡೆಗೆ ಬರುತ್ತಾರೆ ಎಂಬುದು ತರ್ಕ. 2014ರ ಡಿಸೆಂಬರಿನಲ್ಲಿ ಸಿಡ್ನಿಯ ಕೆಫೆಯೊಂದರಲ್ಲಿ ಬಂದೂಕುಧಾರಿ ಜನರನ್ನು ಒತ್ತೆ ಇಟ್ಟುಕೊಂಡಾಗ, ಓಡಿಹೋಗಲು ಕಾರು ಹುಡುಕಿದವರಿಗೆ ಊಬರ್ ಸರ್ಜ್ ದರ ತೋರಿಸಿತು. ಆಮೇಲೆ ಕ್ಷಮೆ ಕೇಳಿ ದುಡ್ಡು ಹಿಂದಿರುಗಿಸಿದರು. ಲೆಕ್ಕಕ್ಕೆ ಕರೆ ಹೆಚ್ಚಾಗಿದೆ ಎಂದು ಗೊತ್ತು, ಯಾಕೆ ಹೆಚ್ಚಾಗಿದೆ ಎಂದು ಗೊತ್ತಿಲ್ಲ.

ನನ್ನ ಪ್ರಕಾರ ಸರ್ಜ್‌ಗಿಂತ ದೊಡ್ಡ ತಿರುವು 2016ರ ಸುಮಾರಿಗೆ ಬಂತು. ಹತ್ತುವ ಮೊದಲೇ ಪೂರ್ತಿ ಬಾಡಿಗೆ ಇಷ್ಟು ಎಂದು ತೋರಿಸತೊಡಗಿದರು. ಪ್ಯಾಸೆಂಜರಿಗೆ ನೆಮ್ಮದಿ, ಸುತ್ತು ಹೊಡೆಸಿದರೆಂಬ ಭಯವಿಲ್ಲ. ಆದರೆ ಅಲ್ಲಿಂದ ಪ್ಯಾಸೆಂಜರು ಕೊಡುವ ಅಂಕಿಯೇ ಬೇರೆ, ಡ್ರೈವರಿಗೆ ಸಿಗುವ ಅಂಕಿಯೇ ಬೇರೆ ಆಗುವುದಕ್ಕೆ ದಾರಿಯಾಯಿತು. ಒಂದು ಅಂಕಿ ಹಿಂದಿನ ಸೀಟಿನ ಫೋನಿನಲ್ಲಿ, ಇನ್ನೊಂದು ಮುಂದಿನ ಸೀಟಿನ ಫೋನಿನಲ್ಲಿ. ನಡುವಿನ ತಕ್ಕಡಿ ಕಂಪನಿಯ ಒಳಮನೆಯಲ್ಲಿ.

ಇದರ ಜೊತೆಗೆ ಕಾಯುವ ಹೊತ್ತಿನ ಪ್ರಶ್ನೆ. ಡ್ರೈವರ್ ದಿನದಲ್ಲಿ ಮೂರು ಪಾಲಿದೆ: ಖಾಲಿ ಕಾಯುವುದು, ಕರೆ ಬಂದ ಕಡೆ ಖಾಲಿ ಹೋಗುವುದು, ಜನ ಕೂರಿಸಿಕೊಂಡು ಹೋಗುವುದು. ದುಡ್ಡು ಹುಟ್ಟುವುದು ಹೆಚ್ಚಾಗಿ ಮೂರನೆಯದರಲ್ಲಿ. ರಸ್ತೆಗೆ ಹೆಚ್ಚು ಕಾರು ಇಳಿದಷ್ಟೂ ಪ್ಯಾಸೆಂಜರಿಗೆ ಬೇಗ ಸಿಗುತ್ತದೆ, ಕಂಪನಿಗೆ ಹೆಸರು ಬರುತ್ತದೆ, ಖಾಲಿ ಕಾಯುವ ನಷ್ಟ ಮಾತ್ರ ಡ್ರೈವರಿಗೆ. 1654ರಲ್ಲಿ ಗಾಡಿಯವರ ಸಂಖ್ಯೆಗೆ ಮಿತಿ ಹಾಕಿದಾಗ ಕೈ ಹಾಕಿದ್ದೂ ಇದೇ ಗಂಟಿಗೆ. 2021ರ ಫೆಬ್ರವರಿ 19ರಂದು ಬ್ರಿಟನ್ನಿನ ಸುಪ್ರೀಂ ಕೋರ್ಟ್, ಯಾಸೀನ್ ಅಸ್ಲಂ ಮತ್ತು ಜೇಮ್ಸ್ ಫರಾರ್ ಮುಂತಾದ ಡ್ರೈವರುಗಳು ಹೂಡಿದ್ದ ಮೊಕದ್ದಮೆಯಲ್ಲಿ, ಬಾಡಿಗೆ ನಿಗದಿ ಮಾಡುವುದು ಊಬರ್ ಆದ್ದರಿಂದ ಇವರು ಸ್ವಂತ ವ್ಯಾಪಾರದವರಲ್ಲ, ಕಾರ್ಮಿಕರು ಎಂದಿತು. ಆಪ್ ಆನ್ ಮಾಡಿ ಟ್ರಿಪ್ಪಿಗೆ ಸಿದ್ಧನಾಗಿ ಕಾಯುವ ಹೊತ್ತೂ ಕೆಲಸದ ಹೊತ್ತೇ ಎಂದಿತು. 2023ರ ಏಪ್ರಿಲಿನಲ್ಲಿ ಆಮ್‌ಸ್ಟರ್‌ಡ್ಯಾಂ ಮೇಲ್ಮನವಿ ನ್ಯಾಯಾಲಯ ಊಬರ್ ಮತ್ತು ಓಲಾ ಎರಡಕ್ಕೂ, ಗಣಕದ ತೀರ್ಮಾನ ಹೇಗೆ ಆಯಿತೆಂದು ಡ್ರೈವರುಗಳಿಗೆ ವಿವರಿಸಬೇಕು ಎಂದಿತು. ಓಲಾ ನಮ್ಮ ಬೆಂಗಳೂರಿನಲ್ಲಿ ಆಫೀಸು ಇಟ್ಟಿರುವ ಕಂಪನಿ, ಲೆಕ್ಕ ಕೇಳಿದ್ದು ಮಾತ್ರ ಆಮ್‌ಸ್ಟರ್‌ಡ್ಯಾಂ.

ಈಗ ದುಬೈಗೆ ಬರೋಣ. ಇಲ್ಲಿಯೂ ಹಿಂದೆ ಚೌಕಾಸಿ ಟ್ಯಾಕ್ಸಿಗಳಿದ್ದವು. 1990ರ ದಶಕದಲ್ಲಿ ಸರಕಾರದ ಸಾರಿಗೆ ಸಂಸ್ಥೆ ಮೀಟರು ಟ್ಯಾಕ್ಸಿ ತಂದಿತು. 2005ರಲ್ಲಿ ಆರ್‌ಟಿಎ ಆಯಿತು. ಕೆಂಪು, ನೀಲಿ, ಹಳದಿ, ಹಸಿರು ಟೋಪಿಯ ಟ್ಯಾಕ್ಸಿಗಳು ಬೇರೆಬೇರೆ ಕಂಪನಿಯವು, ದರ ಒಂದೇ. ಆಪುಗಳು ಬಂದಾಗ ಆರ್‌ಟಿಎ ಅವುಗಳಿಗೆ ಬಾಗಿಲು ಮುಚ್ಚಲಿಲ್ಲ, ಮೀಟರನ್ನೂ ಬಿಟ್ಟುಕೊಡಲಿಲ್ಲ. 2019ರಲ್ಲಿ ಕರೀಮ್ ಜೊತೆ ಸೇರಿ ‘ಹಲಾ’ ತಂದಿತು. ಕಾರು ಹುಡುಕುವುದು ಆಪ್, ಬಾಡಿಗೆ ಹೇಳುವುದು ಮೀಟರು. ಬುಕ್ ಮಾಡಿದರೆ ಆರಂಭದ ದರ ಸ್ವಲ್ಪ ಹೆಚ್ಚು, ಸಾಲಿಕ್ ದಾಟಿದರೆ ಅದೂ ಸೇರುತ್ತದೆ, ಉಳಿದದ್ದು ಇಬ್ಬರ ಕಣ್ಣೆದುರೇ. ಜೋಡಣೆ ಬೇರೆ, ಬಾಡಿಗೆ ಬೇರೆ. ಎರಡನ್ನೂ ಒಂದೇ ಕೈಗೆ ಕೊಡಲೇಬೇಕೆಂದಿಲ್ಲ ಎಂಬುದು ಇಲ್ಲಿ ನಿತ್ಯ ಕಾಣುತ್ತದೆ. ಹಾಗಂತ ಡ್ರೈವರ್ ಕಷ್ಟ ತೀರಿತು ಅಂತಲ್ಲ. ಗಾಡಿ ಕಂಪನಿಯದ್ದು, ಕೈಗೆ ಬರುವುದು ಹೆಚ್ಚಾಗಿ ಕಲೆಕ್ಷನ್ ಮೇಲಿನ ಕಮಿಷನ್, ಖಾಲಿ ಕಾದ ಹೊತ್ತು ಇಲ್ಲೂ ಅವನ ಲೆಕ್ಕಕ್ಕೇ. (ಈಗ ರಸ್ತೆಗೇ ಸರ್ಜ್ ಬಂದಿದೆ ನೋಡಿ: 2025ರ ಜನವರಿ ಕೊನೆಯಿಂದ ಸಾಲಿಕ್ ದಟ್ಟಣೆ ಹೊತ್ತಿನಲ್ಲಿ 6 ದಿರ್ಹಮ್, ಬೇರೆ ಹೊತ್ತಿನಲ್ಲಿ 4, ರಾತ್ರಿ ಒಂದರಿಂದ ಬೆಳಗಿನ ಆರರವರೆಗೆ ಪುಕ್ಕಟೆ.)

ಬೆಂಗಳೂರಿನಲ್ಲಿ ಇದೇ ದಾರಿ ಹಿಡಿದದ್ದು ಆಟೋ. 2022ರ ಅಕ್ಟೋಬರಿನಲ್ಲಿ, ಸರಕಾರದ ಕನಿಷ್ಠ ದರ 30 ರೂಪಾಯಿ ಇದ್ದಾಗ ಆಪುಗಳು 100 ತನಕ ವಸೂಲಿ ಮಾಡುತ್ತಿವೆ ಎಂಬ ದೂರಿನ ಮೇಲೆ ಸಾರಿಗೆ ಇಲಾಖೆ ಅವುಗಳ ಆಟೋ ಸೇವೆ ನಿಲ್ಲಿಸುವಂತೆ ಆದೇಶಿಸಿತು. ಮರುತಿಂಗಳೇ ಆಟೋ ಚಾಲಕರ ಸಂಘದ ಬೆಂಬಲದೊಂದಿಗೆ ‘ನಮ್ಮ ಯಾತ್ರಿ’ ಬಂತು. ಟ್ರಿಪ್ಪಿಗೆ ಕಮಿಷನ್ ಇಲ್ಲ, ದರ ಸರಕಾರದ್ದು, ದುಡ್ಡು ನೇರ ಚಾಲಕರಿಗೆ. ಆಮೇಲೆ ಆಪಿಗೆಂದು ಚಾಲಕರಿಂದ ದಿನಕ್ಕೆ 25 ರೂಪಾಯಿ ಎಂದಾಯಿತು. ಆದರೆ ಮಳೆಯ ಸಂಜೆ ಮೀಟರು ದರಕ್ಕೆ ಯಾರೂ ಬರದಿದ್ದರೆ? ಅದಕ್ಕೊಂದು ಗುಂಡಿ ಬಂತು: ಕಾರೋ ಆಟೋ ಸಿಗುವ ಮೊದಲೇ 10, 20, 30 ರೂಪಾಯಿ ಟಿಪ್ ಸೇರಿಸುತ್ತೀರಾ ಎಂದು. ಊಬರ್, ರ‍್ಯಾಪಿಡೊಗಳಲ್ಲೂ ಇದು ಬಂತು. 2025ರ ಮೇ ತಿಂಗಳಲ್ಲಿ ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ ಈ ಮುಂಗಡ ಟಿಪ್ ಬಗ್ಗೆ ಊಬರ್‌ಗೆ ನೋಟಿಸ್ ಕೊಟ್ಟಿತು. ಊರಿಗೆ ಹೋದಾಗ ಗಮನಿಸಿ, ಗುಂಡಿ ಒತ್ತಿದ ಮೇಲೆ ಆಟೋ ಎಷ್ಟು ಬೇಗ ಸಿಗುತ್ತದೆ ಅಂತ. ಮೀಟರ್ ಮೇಲೆ ಒನ್ ಅಂಡ್ ಹಾಫ್ ಅನ್ನುವುದನ್ನು ಈಗ ಡ್ರೈವರಣ್ಣ ಕೇಳಬೇಕಾಗಿಲ್ಲ, ಗಿರಾಕಿಯೇ ಮೊದಲು ಹೇಳುತ್ತಾನೆ.