ಕ್ಯಾಮೆರಾದ ಹಿಂದಕ್ಕೆ ನಡೆದ ತಾರೆ: ಕಿನುಯೊ ತನಾಕಾ

ಜಪಾನಿನ ಆರಂಭದ ಚಲನಚಿತ್ರಗಳಲ್ಲಿ ಸ್ತ್ರೀಪಾತ್ರಗಳನ್ನು ಗಂಡಸರೇ ವಹಿಸುತ್ತಿದ್ದರು. ಅದು ಕಬುಕಿ ರಂಗಭೂಮಿಯಿಂದ ಬಂದ ರೂಢಿ. 1920ರಲ್ಲಿ ಚಿತ್ರ ನಿರ್ಮಾಣಕ್ಕೆ ಇಳಿದ ಷೊಚಿಕು ಸಂಸ್ಥೆ ಈ ರೂಢಿಯನ್ನು ಬಿಟ್ಟು ನಟಿಯರನ್ನೇ ನೇಮಿಸಿಕೊಂಡಿತು. ಹೀಗೆ ತೆರೆದ ಬಾಗಿಲಿನಿಂದ 1924ರಲ್ಲಿ ಒಳಬಂದ ಹದಿನಾಲ್ಕರ ಬಾಲೆಯೇ ಕಿನುಯೊ ತನಾಕಾ.

ಆಕೆ ಹುಟ್ಟಿದ್ದು 1909ರಲ್ಲಿ, ಷಿಮೊನೊಸೆಕಿ ಎಂಬ ಬಂದರು ಪಟ್ಟಣದಲ್ಲಿ. ಎಳವೆಯಲ್ಲೇ ತಂದೆ ತೀರಿಕೊಂಡರು, ಸಂಸಾರ ಬಡತನಕ್ಕೆ ಬಿತ್ತು. ಬಿವಾ ಎಂಬ ತಂತಿವಾದ್ಯವನ್ನು ಕಲಿತು, ಬಾಲಕಿಯರ ಸಂಗೀತ ನಾಟಕ ತಂಡವೊಂದರಲ್ಲಿ ರಂಗವೇರಿದಳು. ಅಲ್ಲಿಂದ ಸಿನಿಮಾ. 1931ರಲ್ಲಿ ಗೊಷೊ ನಿರ್ದೇಶಿಸಿದ, ಜಪಾನಿನ ಮೊದಲ ಯಶಸ್ವಿ ಪೂರ್ಣ ವಾಕ್ಚಿತ್ರದ ನಾಯಕಿಯೂ ಆಕೆಯೇ. 1938ರಲ್ಲಿ ದಾದಿಯೊಬ್ಬಳ ಪ್ರೇಮಕಥೆ ಆಕೆಯನ್ನು ಮನೆಮಾತಾಗಿಸಿತು.

ಜನರ ಪ್ರೀತಿ ಎಷ್ಟು ಚಂಚಲವೆಂಬುದು ಆಕೆಗೆ 1950ರಲ್ಲಿ ತಿಳಿಯಿತು. ಸೌಹಾರ್ದ ಪ್ರವಾಸಕ್ಕೆಂದು ಕಿಮೊನೊ ಉಟ್ಟು ಅಮೆರಿಕಕ್ಕೆ ಹೋದವಳು, ಪಾಶ್ಚಾತ್ಯ ಉಡುಪು ತೊಟ್ಟು, ಕಪ್ಪು ಕನ್ನಡಕ ಧರಿಸಿ, ಗುಂಪಿನತ್ತ ಮುತ್ತುಗಳನ್ನು ತೂರುತ್ತ ಮರಳಿದಳು. ಸೋತು, ಅಮೆರಿಕನ್ನರ ಆಡಳಿತದಲ್ಲಿದ್ದ ನಾಡಿಗೆ ಅದು ಸಹನೆಯಾಗಲಿಲ್ಲ. ಪತ್ರಿಕೆಗಳು ಹೀನಾಯವಾಗಿ ಹಳಿದವು. ಆಕೆಯನ್ನು ಮೇಲೆತ್ತಿದ್ದು ಕೆಂಜಿ ಮಿಜೊಗುಚಿಯ ಚಿತ್ರಗಳು. 1952ರ 'ಓಹರುಳ ಬದುಕು' ಚಿತ್ರದಲ್ಲಿ ಅರಮನೆಯಿಂದ ಬೀದಿಗೆ ಬೀಳುವ ಹೆಣ್ಣಾಗಿ ಆಕೆಯ ಅಭಿನಯ ಅಸಾಧಾರಣವಾದುದು.

ಆದರೆ ಅದೇ ಮಿಜೊಗುಚಿ, ಆಕೆ ನಿರ್ದೇಶಕಿಯಾಗುವುದನ್ನು ವಿರೋಧಿಸಿದರು! ಇದು ಬೇಸರದ ಸಂಗತಿ. ತನಾಕಾ ಜಗ್ಗಲಿಲ್ಲ. ಹೆಸರಾಂತ ತಾರೆಯಾಗಿದ್ದೂ ನರುಸೆಯವರ ಬಳಿ ಸಹಾಯಕಿಯಾಗಿ ಕೆಲಸ ಕಲಿತು, 1953ರಲ್ಲಿ 'ಪ್ರೇಮಪತ್ರ' ಚಿತ್ರವನ್ನು ನಿರ್ದೇಶಿಸಿದಳು. ಅಮೆರಿಕನ್ ಸೈನಿಕರಿಗೆ ಜಪಾನಿ ಹೆಂಗಸರ ಪರವಾಗಿ ಪತ್ರ ಬರೆದುಕೊಡುವವನ ಕಥೆ ಅದು. ಎರಡನೆಯ ಚಿತ್ರಕ್ಕೂ ಮಿಜೊಗುಚಿ ಅಡ್ಡಬಂದರು. ಚಿತ್ರಕಥೆಯಲ್ಲಿ ಪಾಲುದಾರರಾಗಿದ್ದ ಓಜು ಬೆಂಬಲವಾಗಿ ನಿಂತರು. 1955ರಲ್ಲಿ ಸ್ತನ ಕ್ಯಾನ್ಸರಿನಿಂದ ತೀರಿಕೊಂಡ ಕವಯಿತ್ರಿ ಫುಮಿಕೊ ನಕಾಜೊ ಬಗ್ಗೆ ಚಿತ್ರ ಮಾಡಿದಾಗ, ಚಿತ್ರಕಥೆ ಬರೆದದ್ದೂ ಒಬ್ಬ ಮಹಿಳೆಯೇ, ಸುಮಿಯೆ ತನಾಕಾ. 1962ರ ವೇಳೆಗೆ ಆಕೆ ನಿರ್ದೇಶಿಸಿದ ಚಿತ್ರಗಳು ಆರು. ಆಕೆಗಿಂತ ಮೊದಲು 1936ರಲ್ಲಿ ತಜುಕೊ ಸಕಾನೆ ಒಂದು ಕಥಾಚಿತ್ರ ನಿರ್ದೇಶಿಸಿದ್ದಳು.

ಮುಪ್ಪಿನಲ್ಲೂ ನಟನೆ ನಿಲ್ಲಲಿಲ್ಲ. 1974ರ 'ಸಂಡಾಕನ್ ನಂ. 8'ರಲ್ಲಿ, ಬಾಲ್ಯದಲ್ಲೇ ಬೋರ್ನಿಯೊದ ವೇಶ್ಯಾಗೃಹಕ್ಕೆ ಮಾರಾಟವಾಗಿದ್ದ ಮುದುಕಿಯಾಗಿ, ಬೆಕ್ಕುಗಳೊಡನೆ ಗುಡಿಸಲಲ್ಲಿ ಬಾಳುವ ಪಾತ್ರ ಆಕೆಯದು. ಮರುವರ್ಷ ಬರ್ಲಿನ್ ಚಿತ್ರೋತ್ಸವ ಅದಕ್ಕೆ ಶ್ರೇಷ್ಠ ನಟಿ ಪ್ರಶಸ್ತಿ ನೀಡಿತು. 1977ರಲ್ಲಿ ಆಕೆ ತೀರಿಕೊಂಡಳು.